ಕಡಗಂಚಿ ಹೊಲದ ಇಸಾರ

ಆಳಂದದ ಮಿನಾಜ ತನ್ನ ಪ್ಲಾಟು ನೋಡಲು ಹೋದದ್ದು ಒಂದು ಶುಕ್ರವಾರ. ಅಂದು ಅವಳ ಮ್ಯಾಚಿಂಗ್ ಸೆಂಟರಿಗೆ ರಜೆ. ಸೀರೆಗೆ ಹೊಂದುವ ಜಂಪರ್ ಬಟ್ಟೆ, ಫಾಲ್, ಲೈನಿಂಗು ಮಾರುವ ಆ ಚಿಕ್ಕ ಅಂಗಡಿಯನ್ನು ಹತ್ತು ವರ್ಷದಿಂದ ಅವಳೇ ನಡೆಸಿಕೊಂಡು ಬಂದಿದ್ದಳು. ಗಂಡ ತೌಸೀಫ ಸಾಮಾನು ಸಾಗಿಸುವ ಟಂಟಂ ಓಡಿಸುತ್ತಿದ್ದ. ಅಂಗಡಿಯಲ್ಲಿ ಉಳಿಸಿದ್ದಕ್ಕೆ, ಕರಜಗಿಯ ತವರಿನಲ್ಲಿ ತಾಯಿ ಮದೀನಾಬಿ ಕೊಟ್ಟ ಬಳೆ ಮಾರಿದ್ದನ್ನೂ ಸೇರಿಸಿ, ಹಿಂದಿನ ವರ್ಷ ಕಡಗಂಚಿ ಹತ್ತಿರ ಒಂದು ಪ್ಲಾಟಿಗೆ ಮೂರು ಲಕ್ಷ ಕಟ್ಟಿದ್ದಳು. ವಿಶ್ವವಿದ್ಯಾಲಯ ಬಂದ ಮೇಲೆ ಅಲ್ಲಿಯ ನೆಲಕ್ಕೆ ಬೆಲೆ ಬಂದಿತ್ತು. ಎರಡು ಕೋಣೆ ಕಟ್ಟಿ ಹುಡುಗರಿಗೆ ಬಾಡಿಗೆಗೆ ಕೊಟ್ಟರೂ ಹೆಣ್ಣುಮಕ್ಕಳಿಬ್ಬರ ಓದು ಸಾಗುತ್ತದೆ ಎಂದು ಅವಳ ಯೋಚನೆ.

ಹಣ ತೆಗೆದುಕೊಂಡವನು ಶಿವಪ್ರಕಾಶ. ಊರು ಜೇವರ್ಗಿ. ಆಳಂದದ ಬಸ್ ಸ್ಟ್ಯಾಂಡಿನ ಎದುರು ಒಂದು ಆಫೀಸು ಮಾಡಿಕೊಂಡು ಪ್ಲಾಟು ಮಾರುತ್ತಿದ್ದ. ರಜಿಸ್ಟ್ರಿ ಯಾವಾಗ ಎಂದು ಕೇಳಿದಾಗಲೆಲ್ಲ ಇನ್ನೊಂದು ತಿಂಗಳು ಅನ್ನುತ್ತಿದ್ದ. ಕೇಳಿ ಕೇಳಿ ಸಾಕಾಗಿ, ನೆಲವನ್ನಾದರೂ ಒಮ್ಮೆ ಕಣ್ಣಿಂದ ನೋಡಿ ಬರೋಣವೆಂದು ಮಿನಾಜ ಗಂಡನನ್ನು ಹೊರಡಿಸಿದ್ದಳು.

ಅಲ್ಲಿ ಪ್ಲಾಟು ಕಾಣಲಿಲ್ಲ. ತೊಗರಿ ಗೇಣುದ್ದ ಬೆಳೆದು ನಿಂತಿತ್ತು. ಸುಣ್ಣ ಬಳಿದ ಗುರುತಿನ ಕಲ್ಲುಗಳನ್ನೆಲ್ಲ ಕಿತ್ತು ಬದುವಿನ ಮೇಲೆ ಗುಂಪೆ ಹಾಕಿದ್ದರು. ಹೊಲದಲ್ಲಿ ಕಸ ತೆಗೆಯುವ ಹೆಂಗಸರ ನಡುವೆ ಅರವತ್ತರ ಹತ್ತಿರದ ಒಬ್ಬಾಕೆ ಸೆರಗು ಬಿಗಿದು ನಿಂತಿದ್ದಳು.

"ಈ ಕಲ್ಲ ಯಾರ ಕಿತ್ಯಾರ್ರಿ?" ಮಿನಾಜ ಬದುವಿನ ಮೇಲಿಂದಲೇ ಕೇಳಿದಳು.

"ನಾನೇ ಕಿತ್ತೀನಿ. ಯಾಕ?"

"ಇದು ನಮ್ಮ ಪ್ಲಾಟ್ ಅದರಿ. ಪೂರಾ ರೊಕ್ಕ ಕೊಟ್ಟೀವಿ."

"ಯಾರಿಗಿ ಕೊಟ್ಟಿ?"

"ಶಿವಪ್ರಕಾಶ ಅಣ್ಣಾರಿಗಿ."

"ಹೊಲ ನಂದು. ಪಹಣಿ ನನ್ನ ಹೆಸರಿಲೆ ಅದ. ನಿಮ್ಮ ಅಣ್ಣ ನನಗ ಇಸಾರ ಬಿಟ್ಟು ಮುಂದ ಒಂದು ಪೈಸಾ ಕೊಟ್ಟಿಲ್ಲ. ನಿನ್ನ ರೊಕ್ಕ ನನ್ನ ಕೈ ಮುಟ್ಟಿಲ್ಲ ತಂಗಿ. ಹೋಗಿ ಅವನ್ನ ಕೇಳು."

ತೌಸೀಫನಿಗೆ ರೇಗಿತು. "ಸುಳ್ಳ ಹೇಳಬ್ಯಾಡ್ರಿ. ಮಾಲಕರಿಗಿ ಪೂರಾ ಮುಟ್ಟಿಸೀನಿ ಅಂತ ನಮ್ಮ ಮುಂದ ಹೇಳ್ಯಾನ."

"ಸುಳ್ಳ ಯಾರದಂತ ಅವನ ಎದುರ ನಿಂತು ಕೇಳ್ರಿ. ಈಗ ಬೆಳಿ ತುಳಿಬ್ಯಾಡ್ರಿ, ಬದುವಿನ ಮ್ಯಾಲ ನಿಲ್ರಿ," ಎಂದು ಆಕೆ ಕೆಲಸದವರ ಕಡೆ ತಿರುಗಿದಳು.

ಆಕೆಯ ಹೆಸರು ಗುರುಶಾಂತಮ್ಮ. ಆ ನಾಲ್ಕು ಎಕರೆ ಅವಳ ತಾಯಿ ಅರಿಸಿನ ಕುಂಕುಮಕ್ಕೆಂದು ಕೊಟ್ಟದ್ದು. ಗಂಡ ತೀರಿಹೋಗಿದ್ದ, ಮಕ್ಕಳಿರಲಿಲ್ಲ. ಹೊಲವನ್ನು ಪಾಲಿಗೆ ಕೊಟ್ಟು ಆಳಂದದಲ್ಲಿ ಬಾಡಿಗೆ ಮನೆಯಲ್ಲಿದ್ದಳು. ಮಾಲೀಕರು ಬಿಡು ಅಂದಾಗಲೆಲ್ಲ ಒಲೆ, ಹಾಸಿಗೆ, ದೇವರ ಜಗುಲಿ ಕಟ್ಟಿಕೊಂಡು ಇನ್ನೊಂದು ಓಣಿಗೆ ಹೋಗುವುದು ಅವಳಿಗೆ ಸಾಕಾಗಿತ್ತು. ಊರೊಳಗೆ ಹದಿನೆಂಟು ಲಕ್ಷಕ್ಕೆ ಒಂದು ಮನೆ ಬರುತ್ತದೆಂದು ಗೊತ್ತಾದಾಗ ಹೊಲ ಮಾರಲು ಮನಸ್ಸು ಮಾಡಿದಳು.

ಶಿವಪ್ರಕಾಶ ಖರೀದಿ ಕರಾರು ಬರೆಸಿ ಹತ್ತು ಲಕ್ಷ ಮುಂಗಡ, ಅಂದರೆ ಇಸಾರ, ಕೊಟ್ಟ. ಉಳಿದದ್ದನ್ನು ಹನ್ನೊಂದು ತಿಂಗಳೊಳಗೆ ಕೊಟ್ಟು ರಜಿಸ್ಟ್ರಿ ಮಾಡಿಸಿಕೊಳ್ಳುವುದೆಂದು ಮಾತು. ಅಷ್ಟರೊಳಗೆ ಹೊಲ ಅಳೆದು ಕಲ್ಲು ನೆಡಲು ಅವನು ಅನುಮತಿ ಕೇಳಿದ. ಅವಳು ಕೊಟ್ಟಳು. ಆ ಹತ್ತರಲ್ಲಿ ಎರಡು ಲಕ್ಷವನ್ನು ಗುರುಶಾಂತಮ್ಮ ತಾನು ಕೊಳ್ಳಬೇಕೆಂದಿದ್ದ ಮನೆಗೆ ಇಸಾರ ಕೊಟ್ಟಳು. ಎಂಟು ಲಕ್ಷ ಬ್ಯಾಂಕಿನಲ್ಲಿಟ್ಟು ಮುಟ್ಟಲಿಲ್ಲ. ರಜಿಸ್ಟ್ರಿ ಆಗುವವರೆಗೆ ಅದು ತನ್ನ ದುಡ್ಡಲ್ಲ ಎಂಬುದು ಅವಳ ತಿಳಿವಳಿಕೆ.

ಶಿವರಾತ್ರಿಯ ಹೊತ್ತಿಗೆ ಗಡುವು ಮುಗಿಯಿತು. ಶಿವಪ್ರಕಾಶ ಫೋನಿನಲ್ಲಿ, "ರೊಕ್ಕ ಜೋಡಸಾಕತ್ತೀನ್ರಿ ಅಮ್ಮಾರ, ಸ್ವಲ್ಪ ತಡೀರಿ" ಅನ್ನುತ್ತಲೇ ಇದ್ದ. ಅವಳು ತಡೆದಳು. ಆದರೆ ಮನೆ ಮಾರುವವನು ತಡೆಯಲಿಲ್ಲ. ಎರಡು ಸಲ ಹೇಳಿಕಳಿಸಿದ, ಮೂರನೆಯ ಸಲಕ್ಕೆ ಬೇರೆಯವರಿಗೆ ಬರೆದುಕೊಟ್ಟ. ಕರಾರಿನಂತೆ ಅವಳ ಎರಡು ಲಕ್ಷ ಮುಳುಗಿತು. ಗುರುಶಾಂತಮ್ಮ ಆತನ ಹತ್ತಿರ ಜಗಳಕ್ಕೆ ಹೋಗಲಿಲ್ಲ. ಮಾತಿಗೆ ತಪ್ಪಿದ್ದು ತಾನು, ಆತನಲ್ಲ ಎಂದು ಅವಳಿಗೆ ಗೊತ್ತಿತ್ತು. ಆದರೆ ಆ ಮನೆಗೆ ಹೊಸಬರು ಬಣ್ಣ ಹಚ್ಚುತ್ತಿದ್ದ ದಿನ ಆ ಓಣಿಯಲ್ಲಿ ಹಾದುಬಂದವಳಿಗೆ ಊಟ ಸೇರಲಿಲ್ಲ. ಮರುದಿನವೇ ಅಮರನಾಥ ಎಂಬ ವಕೀಲರ ಹತ್ತಿರ ಹೋಗಿ ಶಿವಪ್ರಕಾಶನಿಗೆ ನೋಟಿಸು ಕೊಡಿಸಿದಳು. ಒಂದು ತಿಂಗಳಲ್ಲಿ ಉಳಿದ ಹಣ ತಂದು ರಜಿಸ್ಟ್ರಿ ಮಾಡಿಸಿಕೋ, ಇಲ್ಲವಾದರೆ ಕರಾರು ಮುಗಿಯಿತು. ಅವನು ಉತ್ತರವನ್ನೂ ಕೊಡಲಿಲ್ಲ. ಮಳೆ ಬಿದ್ದ ಮೇಲೆ ಕಲ್ಲು ಕಿತ್ತು ತೊಗರಿ ಹಾಕಿದಳು.

ಇದೆಲ್ಲ ಮಿನಾಜಳಿಗೆ ಆ ದಿನ ಗೊತ್ತಿರಲಿಲ್ಲ. ಹೊಲದಿಂದ ನೇರ ಅವಳು ಶಿವಪ್ರಕಾಶನ ಆಫೀಸಿಗೆ ಬಂದಳು.

"ಮೊದಲ ಕುಂದರ್ರಿ ಅಕ್ಕಾರ," ಎಂದು ಅವನು ಕುರ್ಚಿ ಸರಿಸಿದ. "ಆ ಮುದುಕಿಗಿ ಆಸಿ ಹುಟ್ಟ್ಯಾದ. ಎಕರೆಕ್ಕ ಐದು ಲಕ್ಷ ಜಾಸ್ತಿ ಬರ್ತದಂತ ಯಾರೋ ಕಿವಿ ಊದ್ಯಾರ. ನಾ ರೊಕ್ಕ ಹಿಡಕೊಂಡು ನಿಂತೀನಿ, ಆಕಿ ರಜಿಸ್ಟ್ರಿಗಿ ಬರವಲ್ಲಳು. ಕೋರ್ಟಿಗಿ ಹಾಕ್ತೇನಿ. ನಾ ಗೆದ್ರ ಹೊಲ ನಂದು, ಪ್ಲಾಟ್ ನಿಮ್ಮದು. ನಾ ಸೋತ್ರ ನಿಮ್ಮದೂ ಹೋತು."

"ನಾವೇನ್ ಮಾಡಬೇಕ್ರಿ?"

"ಒಂದು ಸಾಕ್ಷಿ ಹೇಳ್ರಿ, ಅಷ್ಟೇ. ಪ್ಲಾಟಿಗಿ ರೊಕ್ಕ ಕೊಟ್ಟೀವಿ ಅಂತ. ಖರೇನೇ ಹೇಳೂದದ, ಸುಳ್ಳೇನಲ್ಲ."

ಕೊಟ್ಟದ್ದಂತೂ ನಿಜ. ಮಿನಾಜ ಒಪ್ಪಿದಳು. ಅವಳಂತೆ ಹಣ ಕಟ್ಟಿದವರು ಇನ್ನೂ ಎಂಟು ಮಂದಿ ಇದ್ದರು. ಅಂಗಡಿಯವಳು, ಹೆದರದೆ ಮಾತಾಡುವವಳು ಎಂದು ಅವರೂ ಅವಳನ್ನೇ ಮುಂದೆ ಮಾಡಿದರು. ಶಿವಪ್ರಕಾಶ ಆಳಂದದ ಕೋರ್ಟಿನಲ್ಲಿ ದಾವಾ ಹೂಡಿದ. ಕರಾರಿನಂತೆ ಹೊಲ ಬರೆದುಕೊಡಿಸಬೇಕೆಂದು ಕೇಳಿಕೊಂಡ.

ಇಂಥ ದಾವೆಯಲ್ಲಿ ಕೊಳ್ಳುವವನು ಒಂದು ಮಾತನ್ನು ರುಜುವಾತು ಮಾಡಬೇಕಾಗುತ್ತದೆ. ಗಡುವಿನ ಹೊತ್ತಿಗೆ ಹಣ ತನ್ನ ಹತ್ತಿರ ಸಿದ್ಧವಿತ್ತು, ಕೊಡಲು ತನಗೆ ಮನಸ್ಸೂ ಇತ್ತು ಎಂದು. ಒಂಬತ್ತು ಮಂದಿಯಿಂದ ಬಂದ ಹಣವನ್ನು ತೋರಿಸಿದರೆ ಅರ್ಧ ಕೆಲಸ ಆದಂತೆ ಎಂದು ಶಿವಪ್ರಕಾಶನ ವಕೀಲರು ಎಣಿಸಿದ್ದರು.

ಸಾಕ್ಷಿಯ ಸರದಿ ಬರಲು ಒಂದೂವರೆ ವರ್ಷ ಹಿಡಿಯಿತು. ಒಮ್ಮೆ ಮಿನಾಜಳನ್ನು ಕರೆಸಿ, ಸಮಯವಿಲ್ಲವೆಂದು ಮುಂದಿನ ತಾರೀಖು ಕೊಟ್ಟರು. ಆ ದಿನ ಕರೆ ಬರಲೆಂದು ಅವಳು ಕಾಯುತ್ತ ನಿಂತಿದ್ದಾಗ ವರಾಂಡದ ಬೆಂಚಿನಲ್ಲಿ ಗುರುಶಾಂತಮ್ಮ ಒಬ್ಬಳೇ ಕೂತಿದ್ದಳು. ಅವಳು ಸರಿದು ಜಾಗ ಮಾಡಿದಳು.

"ಕುಂದರ್ ಬಾ ತಂಗಿ. ಎಷ್ಟೊತ್ತು ನಿಲ್ತಿ."

ಮಿನಾಜ ತುದಿಯಲ್ಲಿ ಕೂತಳು.

"ಒಂದು ಮಾತು ಕೇಳ್ಲೇನು? ಸಿಟ್ಟಿಗೇಳಬ್ಯಾಡ. ನೀ ಅವಗ ರೊಕ್ಕ ಯಾವಾಗ ಕೊಟ್ಟಿ?"

"ಕರಾರ್ ಆದ ವರ್ಷಾನೇ, ಬಕ್ರೀದಕ್ಕ ಮೊದಲ ಪೂರಾ ಕೊಟ್ಟು ಮುಗಿಸೀನ್ರಿ ಅಮ್ಮಾರ. ಎಲ್ಲಾರೂ ಹಂಗೇ ಕೊಟ್ಟಾರ."

ಗುರುಶಾಂತಮ್ಮ ಬೆರಳು ಮಡಿಚಿ ತಿಂಗಳು ಎಣಿಸಿದಳು. "ಮುಂದಿನ ಶಿವರಾತ್ರಿಗಿ ನನ್ನ ಗಡುವು ಇತ್ತು. ಸಂಕ್ರಾಂತಿಯಿಂದ ಹಿಡದು ನಾ ಫೋನ್ ಮಾಡೀನಿ. ಇನ್ನೂ ರೊಕ್ಕ ಕೈಗಿ ಬಂದಿಲ್ಲಂತ ಹೇಳ್ತಿದ್ದ. ನಿಮ್ಮದೆಲ್ಲ ಎಲ್ಲಿ ಹೋಗಿತ್ತೋ ಬಸವಣ್ಣನೇ ಬಲ್ಲ."

ಮಿನಾಜ ಮಾತಾಡಲಿಲ್ಲ. ಎಲ್ಲಿ ಹೋಗಿತ್ತು ಎಂಬುದು ಅವಳಿಗೆ ಗೊತ್ತಿತ್ತು. ಅದೇ ಸಂಕ್ರಾಂತಿ ಮುಗಿದ ವಾರ ರಜಿಸ್ಟ್ರಿ ಕೇಳಲು ಹೋದವಳಿಗೆ ಶಿವಪ್ರಕಾಶ ತಾನಾಗಿಯೇ ಹೇಳಿದ್ದ: "ನಿಮ್ಮ ರೊಕ್ಕೆಲ್ಲ ಜೇವರ್ಗಿ ಪ್ಲಾಟಿನಾಗ ಹಾಕೀನಿ ಅಕ್ಕಾರ. ಅಲ್ಲಿ ನಾಕು ಪ್ಲಾಟ್ ಹೋದಕೂಡ್ಲೇ ಇಲ್ಲಿ ರಜಿಸ್ಟ್ರಿ." ಅವಳನ್ನು ಸಾಗಹಾಕಲು ಆಡಿದ ಮಾತು ಅದು. ಅವನಿಗೆ ಈಗ ನೆನಪೂ ಇರಲಿಕ್ಕಿಲ್ಲ. ಮಿನಾಜಳೂ ಅಂದು ಅದನ್ನು ದೊಡ್ಡದು ಮಾಡಿರಲಿಲ್ಲ. ಬೆಂಚಿನ ಮೇಲೆ ಕೂತಾಗ ಅದರ ಅರ್ಥ ಹೊಳೆಯಿತು. ಮುದುಕಿಗೆ ಆಸೆ ಹುಟ್ಟಿ ರಜಿಸ್ಟ್ರಿ ನಿಂತಿರಲಿಲ್ಲ. ಕೊಡಬೇಕಾದ ಹಣವನ್ನು ಇವನು ಬೇರೆ ಕಡೆ ಹೂಡಿ ಕೂತಿದ್ದ.

ಅಂದು ಮನೆಯಲ್ಲಿ ಗಂಡನಿಗೆ ಹೇಳಿದಳು. ತೌಸೀಫ ಟಂಟಂ ತೊಳೆಯುತ್ತಿದ್ದವನು ಬಕೆಟ್ಟು ಕೆಳಗಿಟ್ಟ.

"ಕೇಳಿದಷ್ಟಕ್ಕ ಹೇಳು. ರೊಕ್ಕ ಕೊಟ್ಟೀನಿ ಅಂದು ಇಳದು ಬಾ."

"ಆ ವಕೀಲ ಇದನ್ನೇ ಕೇಳಿದ್ರ?"

"ನೆನಪಿಲ್ಲ ಅನ್ನು."

"ನೆನಪದಲ್ಲ."

"ಖರೇ ಹೇಳಿದ್ರ ಪ್ಲಾಟ್ ಹೋಗ್ತದ ಮಿನಾಜ. ಅದು ನಿನ್ನ ದುಡಿಮಿ, ನಂದಲ್ಲ. ನೀನೇ ವಿಚಾರ ಮಾಡು."

"ಸುಳ್ಳ ಹೇಳಿದ್ರ ಸಿಗ್ತದಂತ ಯಾರ ಹೇಳ್ಯಾರ? ನಮ್ಮ ರೊಕ್ಕ ಒಯ್ದು ಇನ್ನೊಂದು ಕಡಿ ಹಾಕಿದಾಂವ. ನಾಳಿ ಹೊಲ ಕೈಗಿ ಬಂದಮ್ಯಾಲ ನಮಗೇ ಕೊಡ್ತಾನೇನು? ಹೆಚ್ಚಿಗಿ ಕೊಟ್ಟಾಂವಗ ಮಾರ್ತಾನ."

ತೌಸೀಫ ಬಕೆಟ್ಟು ಎತ್ತಿಕೊಂಡು ಮತ್ತೆ ಟಂಟಂ ತೊಳೆಯತೊಡಗಿದ. ಅವನು ಒಪ್ಪಿರಲಿಲ್ಲ. ಅವಳಿಗೂ ತನ್ನ ಮಾತಿನಲ್ಲಿ ಅಷ್ಟು ಧೈರ್ಯವಿರಲಿಲ್ಲ. ಶಿವಪ್ರಕಾಶ ಗೆದ್ದರೆ ಒಂದು ಪಕ್ಷ ಪ್ಲಾಟು ಸಿಗಬಹುದು, ಸೋತರೆ ಸಿಗುವುದೇ ಇಲ್ಲ. ಇದು ಅವಳಿಗೂ ತಿಳಿದಿತ್ತು. ಮುಂದಿನ ತಾರೀಖಿನವರೆಗೆ ಅಂಗಡಿಯಲ್ಲಿ ಎರಡು ಸಲ ಬಟ್ಟೆ ತಪ್ಪು ಅಳತೆಗೆ ಕತ್ತರಿಸಿದಳು.

ಸಾಕ್ಷಿಕಟ್ಟೆ ಹತ್ತಿದ ದಿನ ಮೊದಲು ಶಿವಪ್ರಕಾಶನ ವಕೀಲರು ಕೇಳಿದರು. ಹಣ ಕೊಟ್ಟದ್ದು ಹೌದು ಎಂದಳು. ಆಮೇಲೆ ಗುರುಶಾಂತಮ್ಮನ ಪರವಾಗಿ ಅಮರನಾಥ ಪಾಟೀಸವಾಲಿಗೆ ಎದ್ದರು.

"ನೀವು ಪೂರ್ತಿ ಹಣ ಕೊಟ್ಟ ಮೇಲೆ ರಜಿಸ್ಟ್ರಿ ಕೇಳಿದಿರಾ?"

"ಕೇಳೀನ್ರಿ."

"ಯಾವಾಗ?"

"ಭಾಳ ಸಲ ಕೇಳೀನ್ರಿ. ಗಡುವಿಗಿ ಮೊದಲ, ಸಂಕ್ರಾಂತಿ ಆದಮ್ಯಾಲ ಒಮ್ಮೆ ಆಫೀಸಿಗಿ ಹೋಗಿದ್ನಿ."

"ಆಗ ವಾದಿ ಏನು ಹೇಳಿದರು?"

ಶಿವಪ್ರಕಾಶನ ವಕೀಲರು ಆಕ್ಷೇಪಿಸಿದರು. ನ್ಯಾಯಾಧೀಶರು ಸಾಕ್ಷಿ ಉತ್ತರಿಸಲಿ ಎಂದರು. ಮಿನಾಜ ಕಟ್ಟೆಯ ಕಟಾಂಜನ ಹಿಡಿದುಕೊಂಡಳು.

"ನಿಮ್ಮ ರೊಕ್ಕೆಲ್ಲ ಜೇವರ್ಗಿ ಪ್ಲಾಟಿನಾಗ ಹಾಕೀನಿ, ಅಲ್ಲಿ ಮಾರಾಟ ಆದಮ್ಯಾಲ ಇಲ್ಲಿ ರಜಿಸ್ಟ್ರಿ ಮಾಡ್ತೀನಿ ಅಂದಾರ್ರಿ."

"ಅಂದರೆ ಆಗ ಅವರ ಹತ್ತಿರ ಕೊಡಲು ಹಣ ಇರಲಿಲ್ಲ?"

"ಇತ್ತೋ ಇಲ್ಲೋ ನಾ ಕಂಡಿಲ್ರಿ. ಅವರು ಅಂದದ್ದು ಕೇಳೀನಿ, ಅದನ್ನ ಹೇಳಾಕತ್ತೇನಿ."

ಬೆರಳಚ್ಚಿನವರು ಆ ಮಾತನ್ನು ಟೈಪು ಮಾಡಿ ಮುಗಿಸಿದರು. ಶಿವಪ್ರಕಾಶನ ವಕೀಲರು ಮತ್ತೆ ಎದ್ದು, ಈ ಮಾತನ್ನು ಗುರುಶಾಂತಮ್ಮ ಹೇಳಿಕೊಟ್ಟರೇ ಎಂದು ಕೇಳಿದರು.

"ಇಲ್ರಿ. ಅವರಿಗೂ ಇದು ಇವತ್ತೇ ಗೊತ್ತಾಗಾಕತ್ತದ."

ಅದು ನಿಜವಾಗಿತ್ತು. ಗುರುಶಾಂತಮ್ಮ ಹಿಂದಿನ ಸಾಲಿನಲ್ಲಿ ಕೂತು ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತಿದ್ದವಳು ಹಾಗೇ ನಿಲ್ಲಿಸಿದ್ದಳು.

ಹೊರಗೆ ಬೇವಿನ ಮರದ ಕೆಳಗೆ ಉಳಿದ ಪ್ಲಾಟಿನವರು ಕಾಯುತ್ತಿದ್ದರು. ಶಿವಪ್ರಕಾಶ ಅವರೆಲ್ಲರಿಗೂ ಕೇಳುವಂತೆ ಹೇಳಿದ: "ನಿಮ್ಮ ಪ್ಲಾಟ್ ನೀವೇ ಮುಳಗಿಸ್ಕೊಂಡ್ರಿ ಅಕ್ಕಾರ. ಇವರದೂ ಮುಳಗಸಿದ್ರಿ. ಇನ್ನ ನನ್ನ ಆಫೀಸಿನ ಕಟ್ಟಿ ಹತ್ತಬ್ಯಾಡ್ರಿ." ಯಾರೂ ಮಿನಾಜಳ ಕಡೆಗೆ ನೋಡಲಿಲ್ಲ. ಅವಳು ಬುರ್ಖಾದ ನಖಾಬು ಇಳಿಸಿಕೊಂಡು ತೌಸೀಫನ ಟಂಟಂ ಹತ್ತಿದಳು. ಅರ್ಧ ದಾರಿಯಲ್ಲಿ ಅತ್ತಳು. ತೌಸೀಫ ಗಾಡಿ ನಿಲ್ಲಿಸಲಿಲ್ಲ. ಮನೆ ಬಂದಾಗ ತಾನೇ ಚಹಾ ಮಾಡಿಕೊಟ್ಟ.

ತೀರ್ಪು ಬರಲು ಮತ್ತೆ ಎಂಟು ತಿಂಗಳಾಯಿತು. ಗಡುವಿನ ಹೊತ್ತಿಗೆ ವಾದಿ ಹಣ ಕೊಡಲು ಸಿದ್ಧನಿರಲಿಲ್ಲ, ಅವನ ಸಾಕ್ಷಿಯೇ ಅದನ್ನು ಹೇಳಿದ್ದಾಳೆ ಎಂದು ದಾವಾ ವಜಾ ಆಯಿತು.

ಗುರುಶಾಂತಮ್ಮ ಪೇಢೆಯ ಡಬ್ಬಿ ಹಿಡಿದು ಅಮರನಾಥರ ಹತ್ತಿರ ಹೋದಳು. ಅವರು ಇನ್ನೊಂದು ಸಂತೋಷದ ಸುದ್ದಿ ಇಟ್ಟುಕೊಂಡಿದ್ದರು.

"ಅಮ್ಮಾರ, ಅಂವ ದಾವಾದಾಗ ಇಸಾರ ವಾಪಸ್ ಕೊಡಸ್ರಿ ಅಂತ ಕೇಳೇ ಇಲ್ಲ. ಗೆದ್ದೇ ಗೆಲ್ತೀನಂತ ಧಿಮಾಕು. ಕರಾರಿನಾಗೂ ಗಡುವು ತಪ್ಪಿದ್ರ ಇಸಾರ ಮುಳಗ್ತದಂತ ಬರದದ. ಹತ್ತು ಲಕ್ಷ ನಿಮ್ಮ ಹತ್ರಾನೇ ಉಳೀತು. ಸುಮ್ಮನಿದ್ದುಬಿಡ್ರಿ."

"ಆ ಪ್ಲಾಟಿನ ಮಂದಿದು?"

"ಅದು ಅವರಿಗೂ ಅವಗೂ ಬಿಟ್ಟದ್ದು. ನಿಮಗ ಸಂಬಂಧ ಇಲ್ಲ."

ಗುರುಶಾಂತಮ್ಮ ಪೇಢೆಯ ಡಬ್ಬಿಯನ್ನು ಮೇಜಿನ ಮೇಲಿಟ್ಟಳು. "ಅವಗಂತೂ ಕೊಡಂಗಿಲ್ಲ ವಕೀಲರ. ಆದ್ರ ಅಂವ ಯಾರಿಗಿ ಕೊಡೂದದ, ಅವರಿಗಿ ಮುಟ್ಟಿದ್ರ ಏನ್ ತಪ್ಪದ? ನನ್ನ ಹೊಲ ತೋರಿಸೇ ಅಲ್ಲ ಅವರ ರೊಕ್ಕ ಎತ್ತಿದ್ದು? ಕಲ್ಲ ನೆಡು ಅಂತ ಹೂಂ ಅಂದಾಕಿ ನಾನೇ."

"ನಿಮ್ಮ ಮನಿ ಇಸಾರ ಎರಡು ಲಕ್ಷ ಹೋತಲ್ಲ, ಅದಕ್ಕೇನಂತೀರಿ?"

"ಅದು ಬಿಡಂಗಿಲ್ಲ. ಅದು ಹೋದದ್ದು ಇವನಿಂದಾನೇ. ಎರಡು ನಾ ಹಿಡಕೋತೀನಿ, ಬಡ್ಡಿನೂ ನಂದೇ. ಎಂಟು ಬ್ಯಾಂಕಿನಾಗ ಹಂಗೇ ಅದ. ನಾ ಧರ್ಮಛತ್ರ ಇಟ್ಟಾಕಿ ಅಲ್ಲ."

ಅಮರನಾಥ ನಕ್ಕರು. ಆದರೆ ಕೈಯಿಂದ ಕೈಗೆ ಕೊಡಬೇಡಿರೆಂದು ಎಚ್ಚರಿಸಿದರು. ನಾಳೆ ಶಿವಪ್ರಕಾಶ ಬಂದು ಆ ಹಣ ತನ್ನದೆಂದರೆ ಮತ್ತೊಂದು ತಂಟೆ. ಪ್ಲಾಟಿನವರು ಅವನ ಮೇಲೆ ಹಣದ ದಾವಾ ಹಾಕಲಿ, ಇವಳನ್ನೂ ಅದರಲ್ಲಿ ಸೇರಿಸಲಿ, ಇವಳು ಎಂಟು ಲಕ್ಷವನ್ನು ಕೋರ್ಟಿಗೆ ಕಟ್ಟಲಿ. ಯಾರಿಗೆ ಎಷ್ಟೆಂದು ಕೋರ್ಟೇ ಹೇಳುತ್ತದೆ. ತಾವು ಇವಳ ವಕೀಲರಾದ್ದರಿಂದ ಆ ದಾವೆಗೆ ಬೇರೆ ವಕೀಲರನ್ನು ನೋಡಿಕೊಳ್ಳಲಿ ಎಂದರು.

ಹೀಗೆ ಗುರುಶಾಂತಮ್ಮ ಮೊದಲ ಸಲ ಮ್ಯಾಚಿಂಗ್ ಸೆಂಟರಿಗೆ ಬಂದಳು. ಗಿರಾಕಿ ಇಲ್ಲದ ಹೊತ್ತು. ನಿಂತುಕೊಂಡೇ ಎಲ್ಲವನ್ನೂ ಹೇಳಿದಳು. ಮಿನಾಜ ಕೇಳಿ ಮುಗಿಸಿ ಸ್ಟೂಲು ಮುಂದೆ ಸರಿಸಿದಳು.

"ನಾ ಕೋರ್ಟಿನಾಗ ಹಂಗ ಹೇಳಿದ್ದಕ್ಕ ಕೊಡಾಕತ್ತೀರೇನ್ರಿ ಅಮ್ಮಾರ?"

"ಅದಕ್ಕಂತ ತಿಳಿಬ್ಯಾಡ. ನೀ ಸುಳ್ಳ ಹೇಳಿ ಹೊಲ ಹೋಗಿದ್ರ ನಿನ್ನ ಮಾರಿ ನೋಡ್ತಿದ್ದಿಲ್ಲ, ಅದೂ ಖರೇ. ಆದ್ರ ಇಸಾರ ಮುಳಗಿದ್ರ ಹೆಂಗ ಆಗ್ತದಂತ ನನಗ ಗೊತ್ತದ ಬೇ. ಗೊತ್ತಿದ್ದೂ ಇಟಗೊಂಡು ಕುಂತ್ರ ನಿದ್ದಿ ಬರಂಗಿಲ್ಲ." ಸ್ಟೂಲಿನ ಮೇಲೆ ಕೂತು ಸೇರಿಸಿದಳು, "ಪ್ಲಾಟ್ ಮಾತ್ರ ಕೊಡಂಗಿಲ್ಲ. ಹೊಲದ ಆಸಿ ಬಿಡು."

"ಬಿಟ್ಟೀನ್ರಿ," ಎಂದಳು ಮಿನಾಜ.

ಉಳಿದ ಎಂಟು ಮಂದಿಯನ್ನು ಕೂಡಿಸುವುದೇ ಕಷ್ಟವಾಯಿತು. ಸಾಕ್ಷಿ ಹೇಳಿದಂದಿನಿಂದ ಅವರು ಅವಳೊಂದಿಗೆ ಮಾತು ಬಿಟ್ಟಿದ್ದರು. ಮಿನಾಜ ಮನೆಮನೆಗೆ ಹೋದಳು. ಒಬ್ಬರು ಬಾಗಿಲಲ್ಲೇ ನಿಲ್ಲಿಸಿ ಮಾತಾಡಿಸಿದರು. ಇನ್ನೊಬ್ಬರು, ಮುದುಕಿಯಿಂದ ನಿನಗೆಷ್ಟು ಬಂತು ಎಂದು ಕೇಳಿದರು. ಅವಳು ಸಿಟ್ಟು ನುಂಗಿಕೊಂಡು, ವಕಾಲತ್ತಿಗೆ ಸಹಿ ಮಾಡಿದರೆ ನಿಮ್ಮ ಪಾಲು ನಿಮಗೆ, ಇಲ್ಲದಿದ್ದರೆ ಉಳಿದವರಿಗೆ ಎಂದಳು. ಅದಾದ ಮೇಲೆ ಒಬ್ಬೊಬ್ಬರಾಗಿ ಬಂದರು. ಈ ಸಲ ತೌಸೀಫನೇ ದಿನದ ಬಾಡಿಗೆ ಬಿಟ್ಟು ಎಲ್ಲರನ್ನೂ ಟಂಟಂನಲ್ಲಿ ವಕೀಲರ ಆಫೀಸಿಗೆ ಒಯ್ದ.

ಗುರುಶಾಂತಮ್ಮ ಹೇಳಿದಂತೆ ಎಂಟು ಲಕ್ಷ ಕೋರ್ಟಿಗೆ ಕಟ್ಟಿದಳು. ಶಿವಪ್ರಕಾಶ ಮೊದಲು ತಕರಾರು ತೆಗೆದ. ಜೇವರ್ಗಿಯ ಪ್ಲಾಟುಗಳ ಮೇಲೂ ಜಪ್ತಿ ಬರುತ್ತದೆಂದು ಗೊತ್ತಾದ ಮೇಲೆ ಆ ಹಣ ಇವರಿಗೆ ಹೋಗಲು ಒಪ್ಪಿದ. ಉಳಿದದ್ದಕ್ಕೆ ಕಂತು ಕೇಳಿದ. ಕೋರ್ಟು ಕಂತು ಹಾಕಿಕೊಟ್ಟಿತು. ಎರಡು ಕಂತು ಬಂದಿವೆ, ಮೂರನೆಯದು ತಡವಾಗಿದೆ. ಅದಕ್ಕಾಗಿ ಮತ್ತೆ ಅರ್ಜಿ ಹಾಕಿದ್ದಾರೆ. ಗುರುಶಾಂತಮ್ಮ ಇನ್ನೂ ಬಾಡಿಗೆ ಮನೆಯಲ್ಲೇ ಇದ್ದಾಳೆ. ಜಿಡಗಾ ರಸ್ತೆಯ ಕಡೆ ಒಂದು ಮನೆ ನೋಡಿದ್ದಾಳೆ. ಅದಕ್ಕಾಗಿ ಒಂದೇ ಎಕರೆ ಮಾರಿದರೆ ಸಾಕೇ ಎಂದು ವಿಚಾರ ಮಾಡುತ್ತಿದ್ದಾಳೆ.

ಮಿನಾಜಳ ಪಾಲಿಗೆ ಮೊದಲ ಸಲ ಬಂದದ್ದು ಒಂದು ಲಕ್ಷಕ್ಕೆ ತುಸು ಕಡಿಮೆ. ಅಫಜಲಪುರದಲ್ಲಿ ಒಂದು ಅಗ್ಗದ ಪ್ಲಾಟು ಇದೆಯೆಂದು ತೌಸೀಫ ಬಾಯಿ ತೆಗೆದ. ಅವಳು ನೋಡಿದ ನೋಟಕ್ಕೆ ಅಲ್ಲಿಗೇ ನಿಲ್ಲಿಸಿದ. ಆ ದುಡ್ಡನ್ನು ಹಿರಿಮಗಳ ಕಾಲೇಜಿಗೆಂದು ಎತ್ತಿಟ್ಟಳು.

ಚೆಕ್ಕು ಬಂದ ವಾರದಲ್ಲೇ ಪ್ಲಾಟಿನವರ ಪೈಕಿ ಬಸವೇಶ್ವರಿ ಎಂಬಾಕೆ ಅಂಗಡಿಗೆ ಬಂದಳು. ವಕಾಲತ್ತಿಗೆ ಎಲ್ಲರಿಗಿಂತ ಕೊನೆಗೆ ಸಹಿ ಮಾಡಿದವಳು ಅವಳೇ. ಚೀಲದಿಂದ ಒಂದು ಇಳಕಲ್ ಸೀರೆ ತೆಗೆದು ಕೌಂಟರಿನ ಮೇಲೆ ಹರವಿದಳು. ಬಹಳ ಹೊತ್ತು ಸೀರೆಯ ಮಡಿಕೆಯನ್ನೇ ಸರಿಮಾಡುತ್ತ ನಿಂತು ಕೊನೆಗೆ ಹೇಳಿದಳು:

"ಮನಿಯಾಗ ಕುಂತು ನಿಮಗ ಭಾಳ ಬೈದೀನ್ರಿ ಅಕ್ಕಾರ."

"ನನಗ ನಾನೂ ಭಾಳ ಬೈಕೊಂಡೀನಿ ಬಿಡ್ರಿ," ಎಂದು ಮಿನಾಜ ಸೀರೆಯ ಸೆರಗನ್ನು ಬೆಳಕಿಗೆ ಹಿಡಿದಳು. "ಇದಕ್ಕ ಜಂಪರ್ ಕೆಂಪು ಬೇಕೋ, ಹಸರು ಬೇಕೋ?"